ಕತ್ತಲಾಗದ ಕಡಲಿನಿಂದ ಬಂದ ಫೋಟೋ

೨೦೧೯ರ ಫೆಬ್ರವರಿಗೆ ನಾನು ಬಿ.ಸಿ.ರೋಡಿನಲ್ಲಿ ವಕೀಲಿ ವೃತ್ತಿ ಆರಂಭಿಸಿ ಇಪ್ಪತ್ಮೂರು ವರ್ಷ ತುಂಬಿತ್ತು. ಬಸ್‌ಸ್ಟ್ಯಾಂಡಿನ ಎದುರಿನ ಕಟ್ಟಡದ ಮಹಡಿಯಲ್ಲಿ ಎರಡು ಕೋಣೆಯ ಆಫೀಸು. ಪಾಲಿನ ದಾವೆ, ದಾರಿ ತಕರಾರು, ವಾಹನ ಅಪಘಾತದ ಪರಿಹಾರ, ಹೆಚ್ಚುಕಡಿಮೆ ಇಷ್ಟೇ ನನ್ನ ಕೆಲಸ. ಹಡಗು, ಕಡಲು ಅಂತ ಒಂದು ಕಾಗದವೂ ಅಲ್ಲಿಯ ತನಕ ನನ್ನ ಮೇಜಿಗೆ ಬಂದಿರಲಿಲ್ಲ.

ಒಂದು ಸೋಮವಾರ ಬೆಳಿಗ್ಗೆ ನರಿಕೊಂಬಿನ ಪುಷ್ಪಾ ಎಂಬ ಹೆಂಗಸು ತನ್ನ ಗಂಡನ ಅಣ್ಣನ ಜೊತೆ ಬಂದಳು. ಮೂವತ್ತರ ಆಸುಪಾಸಿನವಳು, ಅಂಗನವಾಡಿಯಲ್ಲಿ ಕೆಲಸ. ಗಂಡ ಸುಧಾಕರ ಹಡಗಿನಲ್ಲಿ ಅಡುಗೆಯವನು. ಅಂಟಾರ್ಟಿಕಾದ ಸಂಶೋಧನಾ ಕೇಂದ್ರಗಳಿಗೆ ಸಾಮಾನು ಸಾಗಿಸುವ ಒಂದು ವಿದೇಶಿ ಹಡಗಿಗೆ ಮುಂಬಯಿಯ ಏಜೆಂಟರ ಮೂಲಕ ಸೇರಿದ್ದ. ಡಿಸೆಂಬರ್ ಮೂರನೇ ವಾರದಲ್ಲಿ ಅವನು ಹಡಗಿನಿಂದ ಕಾಣೆಯಾಗಿದ್ದ. ಏಜೆಂಟರು ಬರೆದ ಪತ್ರವನ್ನು ಪುಷ್ಪಾ ಪ್ಲಾಸ್ಟಿಕ್ ಕವರಿನಿಂದ ತೆಗೆದು ನನ್ನ ಮುಂದೆ ಇಟ್ಟಳು.

ಪತ್ರ ಒಂದೇ ಪುಟದ್ದು. ಅರವತ್ತೊಂಬತ್ತು ಡಿಗ್ರಿ ದಕ್ಷಿಣ ಅಕ್ಷಾಂಶದ ಹತ್ತಿರ, ಕರಾವಳಿಯ ಪಕ್ಕ ಹಡಗು ನಿಂತಿದ್ದಾಗ, ಸುಧಾಕರ ರಾತ್ರಿ ಹತ್ತೂವರೆಯ ಹೊತ್ತಿಗೆ ಸಿಗರೇಟು ಸೇದಲು ನಿಯಮ ಮೀರಿ ಹಿಂದಿನ ಡೆಕ್ಕಿಗೆ ಹೋಗಿದ್ದಾನೆ, ಕತ್ತಲೆಯಲ್ಲಿ ಕಾಲು ಜಾರಿ ನೀರಿಗೆ ಬಿದ್ದಿರಬೇಕು, ಶವ ಸಿಕ್ಕಿಲ್ಲ ಎಂದಿತ್ತು. ಜೊತೆಗೆ ಸಹಿ ಹಾಕಿ ಕಳಿಸಬೇಕಾದ ಇನ್ನೊಂದು ಕಾಗದ. ಅಪಘಾತಕ್ಕೆ ಸುಧಾಕರನೇ ಕಾರಣ, ಕಂಪೆನಿಯ ಮೇಲೆ ನಮ್ಮ ತಕರಾರು ಇಲ್ಲ ಎಂಬ ಒಪ್ಪಿಗೆ. ಅದಕ್ಕೆ ಸಹಿ ಬಿದ್ದರೆ ಮಾತ್ರ ಸಾವಿನ ದಾಖಲೆಗೆ ಬೇಕಾದ ಪತ್ರಗಳನ್ನು ಕಂಪೆನಿ ಕೊಡುತ್ತದೆ.

ಇದರ ತೊಡಕನ್ನು ಸ್ವಲ್ಪ ವಿವರಿಸಬೇಕು. ಶವ ಸಿಗದಿದ್ದರೆ ಮರಣ ಪ್ರಮಾಣಪತ್ರ ಸುಲಭವಾಗಿ ಸಿಗುವುದಿಲ್ಲ. ಏಳು ವರ್ಷ ಯಾವ ಸುದ್ದಿಯೂ ಇಲ್ಲದಿದ್ದರೆ ಆ ಮನುಷ್ಯ ಸತ್ತಿದ್ದಾನೆ ಎಂದು ಕಾನೂನು ಭಾವಿಸುತ್ತದೆ. ಅದಕ್ಕೆ ಮೊದಲು ಬೇಕಾದರೆ ಸಾವನ್ನು ನಾವು ಸಾಬೀತು ಮಾಡಬೇಕು, ಸಾಕ್ಷ್ಯವೆಲ್ಲ ಹಡಗಿನವರ ಕೈಯಲ್ಲಿ. ಅಲ್ಲಿಯ ತನಕ ಪುಷ್ಪಾ ಸುಮಂಗಲಿಯೂ ಅಲ್ಲ, ವಿಧವೆಯೂ ಅಲ್ಲ. ಮನೆಯಲ್ಲಿ ಉತ್ತರಕ್ರಿಯೆಯೂ ಆಗಿರಲಿಲ್ಲ. ಅದಕ್ಕೆ ಅಡ್ಡ ನಿಂತವನು ಅವಳ ಪಕ್ಕದ ಕುರ್ಚಿಯಲ್ಲಿದ್ದ ಭಾವ ದಯಾನಂದ.

ದಯಾನಂದನಿಗೆ ಆಗ ನಲವತ್ತನಾಲ್ಕು ವರ್ಷ. ಗಲ್ಫಿನಲ್ಲಿ ಹನ್ನೆರಡು ವರ್ಷ ಎಲೆಕ್ಟ್ರಿಷಿಯನ್ ಆಗಿದ್ದು, ಹಿಂದೆ ಬಂದು ಬೆಳ್ತಂಗಡಿಯ ಲಾಯಿಲದಲ್ಲಿ ಎಲೆಕ್ಟ್ರಿಕ್ ಸಾಮಾನಿನ ಅಂಗಡಿ ಹಾಕಿದ್ದ. ಅಂಗಡಿಯ ಹಿಂದೆಯೇ ಅವನ ವಾಸ. ಅವನು ತುಂಬ ಮೆಲ್ಲಗೆ ಮಾತಾಡಿದ.

"ಮೇಡಂ, ಇದರಲ್ಲಿ ಕತ್ತಲೆ ಅಂತ ಬರೆದಿದ್ದಾರೆ. ಅಲ್ಲಿ ಕತ್ತಲೆಯೇ ಇಲ್ಲ. ಅದರ ಹಿಂದಿನ ರಾತ್ರಿ ತಮ್ಮ ಫೋಟೋ ಕಳಿಸಿದ್ದಾನೆ, ಹನ್ನೊಂದೂವರೆಗೆ ಬಿಸಿಲು ಉಂಟು."

ಅಷ್ಟಕ್ಕೆ ನಿಲ್ಲಿಸಿದ್ದರೆ ನಾನು ಬಹುಶಃ ಕೇಳುತ್ತಿದ್ದೆ. ಅವನು ನಿಲ್ಲಿಸಲಿಲ್ಲ. ಭೂಮಿ ಉರುಟಲ್ಲ, ಚಪ್ಪಟೆ ಎಂದ. ಅಂಟಾರ್ಟಿಕಾ ಎನ್ನುವುದು ಕೆಳಗಿರುವ ಖಂಡವಲ್ಲ, ಸುತ್ತಲೂ ನಿಂತಿರುವ ಮಂಜಿನ ಗೋಡೆ. ಗೋಡೆಯಾಚೆ ದೊಡ್ಡ ದೊಡ್ಡ ನೆಲಗಳಿವೆ, ಅವಕ್ಕೆ ಬೇರೆಯೇ ಸೂರ್ಯ ಇದ್ದಾನೆ. ಯಾರನ್ನೂ ಅಲ್ಲಿಗೆ ಬಿಡಬಾರದೆಂದು ಎಲ್ಲ ದೇಶಗಳೂ ಒಪ್ಪಂದ ಮಾಡಿಕೊಂಡಿವೆ. ನೋಡಿದವರನ್ನು ಹಿಂದೆ ಕಳಿಸುವುದಿಲ್ಲ. ತಮ್ಮ ನೋಡಬಾರದ್ದನ್ನು ನೋಡಿದ್ದಾನೆ, ಅಲ್ಲೇ ಇಟ್ಟುಕೊಂಡಿದ್ದಾರೆ, ಅವನು ಬದುಕಿದ್ದಾನೆ. ಮೊಬೈಲಿನಲ್ಲಿ ಫೋಟೋ ತೆರೆದು ಎರಡು ಬೆರಳಲ್ಲಿ ಹಿಗ್ಗಿಸಿ, ಸುಧಾಕರನ ಹೆಗಲ ಹಿಂದೆ ಕಾಣುವ ಕಪ್ಪು ಗುಡ್ಡವನ್ನು ತೋರಿಸಿದ. ಮಂಜೇ ಇಲ್ಲದ ಗುಡ್ಡೆ ಅಲ್ಲಿ ಹೇಗೆ ಬಂತು, ನೀವೇ ಹೇಳಿ ಎಂದ.

ನಾನು ಫೋಟೋವನ್ನು ಸರಿಯಾಗಿ ನೋಡಲಿಲ್ಲ. ವಾಟ್ಸಾಪಿನಲ್ಲಿ ಬರುವ ನೂರು ಸುಳ್ಳು ಫೋಟೋಗಳಲ್ಲಿ ಇದೂ ಒಂದು ಎಂದುಕೊಂಡೆ. ಪುಷ್ಪಾ ತಲೆ ತಗ್ಗಿಸಿ ಕುಳಿತಿದ್ದಳು. ಹೊರಡುವಾಗ ಒಂದೇ ಮಾತು ಹೇಳಿದಳು, ಅವರು ಸಿಗರೇಟು ಸೇದುವುದಿಲ್ಲ ಎಂದು. ಗಂಡಂದಿರು ಮನೆಯಿಂದ ದೂರ ಇರುವಾಗ ಏನೇನು ಮಾಡುತ್ತಾರೆಂದು ಹೆಂಡಂದಿರಿಗೆ ಗೊತ್ತಿರುವುದಿಲ್ಲ ಎಂಬುದು ನನ್ನ ಅಷ್ಟು ವರ್ಷದ ಅನುಭವ. ಅದನ್ನೂ ಬರೆದುಕೊಳ್ಳಲಿಲ್ಲ.

ನನ್ನ ಸಂಶಯ ಹೋದದ್ದು ದಯಾನಂದನ ಮೇಲೆ. ನರಿಕೊಂಬಿನ ಮನೆ ಅಣ್ಣತಮ್ಮಂದಿರ ಹೆಸರಿನಲ್ಲಿ ಜಂಟಿಯಾಗಿತ್ತು. ತಮ್ಮ ಸತ್ತಿದ್ದಾನೆಂದು ದಾಖಲಾದರೆ ಅವನ ಭಾಗ ಪುಷ್ಪಾಗೆ ಬರುತ್ತದೆ. ಬದುಕಿದ್ದಾನೆ ಎನ್ನುತ್ತಾ ಇದ್ದರೆ ಏನೂ ಬದಲಾಗುವುದಿಲ್ಲ. ಪಾಲಿನ ದಾವೆಗಳಲ್ಲಿ ಇದಕ್ಕಿಂತ ವಿಚಿತ್ರವಾದ ಕತೆ ಕಟ್ಟಿದವರನ್ನು ನಾನು ಕಂಡಿದ್ದೆ. ಬೆಳ್ತಂಗಡಿ ಕೋರ್ಟಿಗೆ ಹೋದ ಒಂದು ದಿನ ಲಾಯಿಲದಲ್ಲಿ ಇಳಿದು, ಬಲ್ಬು ಬೇಕೆಂಬ ನೆಪದಲ್ಲಿ ಅವನ ಅಂಗಡಿಗೆ ಹೋದೆ. ಗಿರಾಕಿಗಳಿರಲಿಲ್ಲ. ಮೂರು ನಾಲ್ಕು ಮಂದಿ ಬೆಂಚಿನಲ್ಲಿ ಕುಳಿತು ಒಂದೇ ಮೊಬೈಲಿನಲ್ಲಿ ವಿಡಿಯೋ ನೋಡುತ್ತಿದ್ದರು. ನನ್ನನ್ನು ಕಂಡು ದಯಾನಂದ ಎದ್ದು ನಿಂತ. ಬಲ್ಬು ಕೊಟ್ಟ, ಚಹಾ ತರಿಸಿದ. ನಾನು ಮಾತಾಡುತ್ತಿದ್ದಷ್ಟು ಹೊತ್ತೂ ಅವನ ಇನ್ನೊಂದು ಮೊಬೈಲು ಮೇಜಿನ ಮೇಲೆ ನನ್ನ ಕಡೆ ಮುಖ ಮಾಡಿ ಇತ್ತು. ರೆಕಾರ್ಡ್ ಮಾಡುತ್ತಿದ್ದೀರಾ ಎಂದು ಕೇಳಿದೆ. ಹೌದು ಎಂದ, ಮುಚ್ಚುಮರೆ ಇಲ್ಲದೆ. "ನೀವು ಕಂಪೆನಿಯವರ ಜನ ಅಲ್ಲ ಅಂತ ನನಗೆ ಹೇಗೆ ಗೊತ್ತಾಗಬೇಕು ಮೇಡಂ?"

ಹೀಗೆ ನಾನು ಅವನನ್ನು ನಂಬಲಿಲ್ಲ, ಅವನು ನನ್ನನ್ನು ನಂಬಲಿಲ್ಲ. ಪುಷ್ಪಾ ಇಬ್ಬರನ್ನೂ ಅರೆಬರೆ ನಂಬಿಕೊಂಡು ತಿಂಗಳಿಗೊಮ್ಮೆ ಬಂದು ಏನಾಯಿತು ಎಂದು ಕೇಳಿ ಹೋಗುತ್ತಿದ್ದಳು. ನಾನು ಏಜೆಂಟರಿಗೆ ಒಂದೆರಡು ಪತ್ರ ಬರೆದು, ಒಪ್ಪಿಗೆಯ ಕಾಗದದ ಮಾತುಗಳನ್ನು ಸ್ವಲ್ಪ ಮೆತ್ತಗೆ ಮಾಡಿಸುವುದರಲ್ಲೇ ತೊಡಗಿದ್ದೆ. ಸಹಿ ಹಾಕಿಸಿ ಮುಗಿಸುವುದು ಅವಳಿಗೆ ಒಳ್ಳೆಯದು ಎಂದು ನನಗೆ ಪ್ರಾಮಾಣಿಕವಾಗಿ ಅನಿಸಿತ್ತು.

ಮೇ ಕೊನೆಯಲ್ಲಿ ಏಜೆಂಟರ ಕಡೆಯ ಅಧಿಕಾರಿಯೊಬ್ಬರು ಮುಂಬಯಿಯಿಂದ ಬಂದರು. ಇಸ್ತ್ರಿ ಮಾಡಿದ ಬಿಳಿ ಅಂಗಿ, ಬಹಳ ವಿನಯ. ಪುಷ್ಪಾ ಇರುವಾಗಲೇ ಸಂತಾಪ ಹೇಳಿದರು. ಜೂನ್ ಮುಗಿಯುವ ಮೊದಲು ಸಹಿ ಆದರೆ ಎಲ್ಲರಿಗೂ ಸುಲಭ ಎಂದರು. ಆಮೇಲೆ ದನಿ ತಗ್ಗಿಸಿ, ಮೃತರ ಅಣ್ಣನ ಮಾನಸಿಕ ಸ್ಥಿತಿ ಸರಿಯಿಲ್ಲ ಎಂದು ತಿಳಿಯಿತು, ಅವರು ಕಳಿಸುವ ಯಾವ ಚಿತ್ರ, ಯಾವ ಮಾತಿಗೂ ನೀವು ಬೆಲೆ ಕೊಡಬೇಕಾಗಿಲ್ಲ ಎಂದರು.

ದಯಾನಂದ ಕಂಪೆನಿಗೆ ಇ-ಮೇಲು ಬರೆದಿರಬೇಕು, ಗೋಡೆಯಾಚೆಯ ನೆಲದ ಬಗ್ಗೆ ಕೇಳಿರಬೇಕು. ಅದರಲ್ಲಿ ನನಗೆ ಆಶ್ಚರ್ಯವಿರಲಿಲ್ಲ. ಆದರೆ ಹುಚ್ಚನೊಬ್ಬನ ಫೋಟೋಕ್ಕೆ ಬೆಲೆ ಇಲ್ಲ ಎಂದು ಹೇಳಲು ಯಾರಾದರೂ ಮುಂಬಯಿಯಿಂದ ಬಿ.ಸಿ.ರೋಡಿಗೆ ಬರುತ್ತಾರೆಯೇ?

ಅವರು ಹೋದ ಮೇಲೆ ಆ ಫೋಟೋ ನಿನ್ನ ಹತ್ತಿರ ಉಂಟಾ ಎಂದು ಪುಷ್ಪಾಳನ್ನು ಕೇಳಿದೆ. ಸುಧಾಕರ ಅದನ್ನು ಅಣ್ಣನಿಗೆ ಮಾತ್ರ ಕಳಿಸಿದ್ದ. ಅಣ್ಣ ಅವಳಿಗೆ ದಾಟಿಸಿದ್ದ. ಮೊದಲ ಸಲ ಅದನ್ನು ಚೆನ್ನಾಗಿ ನೋಡಿದೆ. ಓರೆ ಬಿಸಿಲು ಬಿದ್ದ ಡೆಕ್ಕು. ಸುಧಾಕರ ಕಣ್ಣು ಕಿರಿದು ಮಾಡಿ ನಗುತ್ತಿದ್ದಾನೆ. ನಾನು ಬಿಸಿಲನ್ನು ನೋಡುತ್ತಿದ್ದೆ, ಪುಷ್ಪಾ ಬೇರೆಯದನ್ನು ನೋಡುತ್ತಿದ್ದಳು.

"ಇವರು ಅಡುಗೆಯವರಲ್ವಾ ಮೇಡಂ," ಎಂದಳು. "ಈ ಹೆಲ್ಮೆಟ್, ಈ ದಪ್ಪ ಗ್ಲೌಸು ಯಾಕೆ?"

ಕಿತ್ತಳೆ ಬಣ್ಣದ ಕೆಲಸದ ಅಂಗಿ, ಹೆಲ್ಮೆಟ್, ಮೊಣಕೈ ತನಕ ಗ್ಲೌಸು. ಸರಕು ಇಳಿಸುವವರ ವೇಷ ಅದು. ನಾನು ಏಜೆಂಟರ ಪತ್ರವನ್ನು ತೆಗೆದು ಇನ್ನೊಮ್ಮೆ ಓದಿದೆ. ಕತ್ತಲೆಯಲ್ಲಿ ಕಾಲು ಜಾರಿ.

ಮರುದಿನ ಶನಿವಾರ. ಮೂಡುಬಿದಿರೆಗೆ ಹೋದೆ. ಹೈಸ್ಕೂಲಿನಲ್ಲಿ ನನಗೆ ಭೂಗೋಳ ಕಲಿಸಿದ ಹಸನಬ್ಬ ಮಾಸ್ತರರು ಅಲ್ಲಿ ಮಗಳ ಮನೆಯಲ್ಲಿದ್ದರು. ಎಂಬತ್ತು ದಾಟಿದ್ದರೂ ಕನ್ನಡಕ ಒರೆಸಿ ಒರೆಸಿ ಪತ್ರ ಓದಿದರು. ಎರಡೇ ಪ್ರಶ್ನೆ ಕೇಳಿದರು: ಯಾವ ತಿಂಗಳು, ರೇಖಾಂಶ ಎಷ್ಟು. ಡಿಸೆಂಬರ್ ಮೂರನೇ ವಾರ, ಏಜೆಂಟರ ಇನ್ನೊಂದು ಪತ್ರದಲ್ಲಿ ಎಪ್ಪತ್ತಾರು ಡಿಗ್ರಿ ಪೂರ್ವ ಎಂದಿದೆ ಎಂದೆ.

ಅವರು ಪತ್ರವನ್ನು ಮಡಚಿ, "ವಸಂತಿ, ಇದನ್ನು ಬರೆದವನು ಅಲ್ಲಿಗೆ ಹೋದವನಲ್ಲ," ಎಂದರು. "ಆ ತಿಂಗಳು ಅಲ್ಲಿ ಸೂರ್ಯ ಮುಳುಗುವುದೇ ಇಲ್ಲ. ಆಕಾಶದಲ್ಲಿ ಸುತ್ತು ಬರ್ತಾನೆ, ಅಷ್ಟೇ. ಬೇಕಾದರೆ ಇಪ್ಪತ್ತನಾಲ್ಕು ಗಂಟೆ ಕಾದು ನಿಲ್ಲು, ಕತ್ತಲೆ ಸಿಗುವುದಿಲ್ಲ."

ಹಡಗಿನ ಗಡಿಯಾರ ಬೇರೆ ದೇಶದ ಸಮಯದಲ್ಲಿ ಇರಬಹುದಲ್ಲ ಎಂದು ಕೇಳಿದೆ. ವಕೀಲರಿಗೆ ಎದುರು ಪಕ್ಷದ ವಾದ ಮೊದಲು ಹೊಳೆಯಬೇಕು. ಅವರಿಗೆ ನಗು ಬಂತು. ಗಡಿಯಾರ ಎಷ್ಟು ತೋರಿಸಿದರೂ ಇಲ್ಲದ ಕತ್ತಲೆ ಎಲ್ಲಿಂದ ಬರಬೇಕು ಎಂದರು. ಆಮೇಲೆ ಹೇಳಿದ ಮಾತು ನನಗೆ ಈಗಲೂ ನೆನಪಿದೆ. ನಮ್ಮ ಊರು ಎಪ್ಪತ್ತೈದು ಡಿಗ್ರಿ ರೇಖಾಂಶದಲ್ಲಿದೆ. ಬಿ.ಸಿ.ರೋಡಿನಿಂದ ನೇರ ತೆಂಕು ದಿಕ್ಕಿಗೆ ಹೋಗುತ್ತಾ ಇದ್ದರೆ ಹೆಚ್ಚುಕಡಿಮೆ ಆ ಹಡಗಿನ ಪಕ್ಕಕ್ಕೇ ಮುಟ್ಟುತ್ತೇವೆ. ನಮ್ಮ ನಡುಮಧ್ಯಾಹ್ನವೇ ಅವರ ನಡುಮಧ್ಯಾಹ್ನ. ದಯಾನಂದನ ಮೊಬೈಲಿಗೆ ಹನ್ನೊಂದೂವರೆಗೆ ಬಂದ ಫೋಟೋ ಅಲ್ಲಿಯೂ ಹನ್ನೊಂದೂವರೆಯ ಆಸುಪಾಸಿನದೇ. ಕಪ್ಪು ಗುಡ್ಡದ ಬಗ್ಗೆಯೂ ಕೇಳಿದೆ. ಆ ಕರಾವಳಿಯಲ್ಲಿ ಅಲ್ಲಲ್ಲಿ ಮಂಜು ನಿಲ್ಲದ ಬೋಳು ಬಂಡೆಗಳಿವೆ, ಗುಟ್ಟೇನೂ ಅಲ್ಲ, ಪುಸ್ತಕದಲ್ಲಿ ಉಂಟು ಎಂದರು.

ಹಿಂದೆ ಬರುವ ಬಸ್ಸಿನಲ್ಲಿ ನನಗೆ ನಾಚಿಕೆಯಾಯಿತು. ಪತ್ರ ಬರೆದ ಗುಮಾಸ್ತನಿಗೆ ರಾತ್ರಿ ಎಂದರೆ ಕತ್ತಲೆ ಎಂಬುದರಲ್ಲಿ ಸಂಶಯ ಬರಲಿಲ್ಲ. ಓದಿದ ನನಗೂ ಬರಲಿಲ್ಲ. ಬಂದದ್ದು ಭೂಮಿ ಚಪ್ಪಟೆ ಎನ್ನುವ ಒಬ್ಬನಿಗೆ. ಅವನು ಅದನ್ನು ಮೊದಲ ದಿನ, ಮೊದಲ ಮಾತಿನಲ್ಲೇ ಹೇಳಿದ್ದ.

ನೋಟೀಸು ಕಳಿಸಿದೆ. ಉತ್ತರ ಮೂರು ವಾರದಲ್ಲಿ ಬಂತು. ಮೊದಲಿಗೆ ಬೆರಳಚ್ಚಿನ ದೋಷ ಎಂದರು, ಆಮೇಲೆ ಹಡಗಿನ ಗಡಿಯಾರದ ವ್ಯತ್ಯಾಸ ಎಂದರು, ಕೊನೆಗೆ ಫೋಟೋವೇ ಕೃತಕ ಎಂದರು. ಮೂರು ಕಾರಣ ಒಟ್ಟಿಗೆ ಕೊಡುವವರ ಹತ್ತಿರ ನಿಜವಾದ ಒಂದು ಕಾರಣ ಇರುವುದಿಲ್ಲ. ನೌಕಾಯಾನ ಇಲಾಖೆಗೆ ದೂರು ಕೊಟ್ಟು ವಿಚಾರಣೆ ಕೇಳುವುದೆಂದು ತೀರ್ಮಾನಿಸಿದೆ. ಅದಕ್ಕೆ ಫೋಟೋ ಬೇಕು. ಮೊಬೈಲಿನಲ್ಲಿರುವ ಚಿತ್ರ ಸಾಕ್ಷ್ಯವಾಗಬೇಕಾದರೆ ಆ ಮೊಬೈಲು ಯಾರ ಕೈಯಲ್ಲಿದೆಯೋ ಅವರು ಒಂದು ಪ್ರಮಾಣಪತ್ರಕ್ಕೆ ಸಹಿ ಹಾಕಬೇಕು. ಸಾಕ್ಷ್ಯ ಕಾಯ್ದೆಯ ೬೫ಬಿ ಕಲಮಿನ ಪ್ರಮಾಣಪತ್ರ ಎಂದು ನಾವು ಅದನ್ನು ಕರೆಯುತ್ತಿದ್ದೆವು. ಸಹಿ ಹಾಕಬೇಕಾದವನು ದಯಾನಂದ.

ಜುಲೈಯ ಒಂದು ಮಧ್ಯಾಹ್ನ ಅವನೂ ಪುಷ್ಪಾಳೂ ಬಂದರು. ನಾನು ಎಲ್ಲ ವಿವರಿಸಿದೆ. ಅವನು ಮೊದಲು ಖುಷಿಪಟ್ಟ. ಕಂಪೆನಿ ಸುಳ್ಳು ಹೇಳಿದೆ ಎಂದು ನಾನೂ ಒಪ್ಪಿದೆನಲ್ಲ. ಆಮೇಲೆ ದೂರಿನ ಕರಡು ಓದುತ್ತಾ ಓದುತ್ತಾ ಒಂದು ಸಾಲಿಗೆ ಬಂದು ನಿಲ್ಲಿಸಿದ. ಅಲ್ಲಿ ಡಿಸೆಂಬರಿನ ಆ ದಿನಗಳಲ್ಲಿ ಸೂರ್ಯ ಮುಳುಗುವುದಿಲ್ಲವಾದ್ದರಿಂದ, ಸುಧಾಕರ ಸರಕು ಇಳಿಸುವ ಕೆಲಸದಲ್ಲಿ ಹಗಲು ಬೆಳಕಿನಲ್ಲೇ ನೀರಿಗೆ ಬಿದ್ದು ಸತ್ತಿರಬೇಕು ಎಂದು ನಾನು ಬರೆದಿದ್ದೆ. ಅವನು ಕಾಗದವನ್ನು ಮೆಲ್ಲಗೆ ನನ್ನ ಕಡೆ ದೂಡಿದ.

"ಇದಕ್ಕೆ ಸಹಿ ಹಾಕಿದರೆ ಅವನನ್ನು ನಾನೇ ಕೊಂದ ಹಾಗೆ ಆಗ್ತದೆ."

ಮೊಬೈಲು ಕೊಡುವುದಿಲ್ಲ ಎಂದ. ನಾನು ಕಾನೂನು ಹೇಳಿದೆ, ಮಾಸ್ತರರು ಹೇಳಿದ್ದನ್ನು ಹೇಳಿದೆ. ಮಾಸ್ತರರಿಗೂ ಶಾಲೆಯಲ್ಲಿ ಸುಳ್ಳನ್ನೇ ಕಲಿಸಿದ್ದಾರೆ ಎಂದ. ಅವನ ಜೊತೆ ವಾದಿಸಿ ಗೆಲ್ಲಲು ನನಗೆ ಸಾಧ್ಯವಿರಲಿಲ್ಲ. ನನ್ನ ಪ್ರತಿ ಉತ್ತರವೂ ಅವನಿಗೆ ನಾನು ಅವರ ಕಡೆಯವಳು ಎಂಬುದಕ್ಕೆ ಹೊಸ ಆಧಾರ.

ಆಗ ಪುಷ್ಪಾ ಮಾತಾಡಿದಳು. ಐದು ತಿಂಗಳಲ್ಲಿ ಭಾವನಿಗೆ ಎದುರಾಗಿ ಅವಳು ಒಂದು ಮಾತು ಆಡಿದ್ದನ್ನು ನಾನು ಕೇಳಿರಲಿಲ್ಲ.

"ಭಾವ, ಅವರು ಬದುಕಿದ್ದಾರೆ ಅಂತ ನೀವು ಹೇಳುವಾಗ ನನಗೆ ಏನು ಕೇಳಿಸ್ತದೆ ಗೊತ್ತುಂಟಾ? ಅವರು ನನ್ನನ್ನು ಬಿಟ್ಟುಹೋಗಿದ್ದಾರೆ ಅಂತ. ಎಲ್ಲಿದ್ದರೂ ಒಂದು ಮೆಸೇಜ್ ಹಾಕದೆ ಇರುವ ಮನುಷ್ಯ ಅಲ್ಲ ಅವರು. ನಿಮಗೂ ಹಾಕದೆ ಇರುವವರಲ್ಲ."

ದಯಾನಂದ ಕಿಟಕಿಯ ಕಡೆ ತಿರುಗಿ ಕುಳಿತ. ಕೆಳಗೆ ಬಸ್ಸಿನವರು ಬೆಳ್ತಂಗಡಿ, ಬೆಳ್ತಂಗಡಿ ಎಂದು ಕೂಗುತ್ತಿದ್ದರು. ಅಲ್ಲಿ ನೋಡುತ್ತಲೇ ಅವನು ಹೇಳಿದ್ದು ಯಾರಿಗೆಂದು ನನಗೆ ತಿಳಿಯಲಿಲ್ಲ. ತಮ್ಮನಿಗೆ ಹಡಗಿನ ಕೆಲಸ ಇಷ್ಟವಿರಲಿಲ್ಲ. ಏಜೆಂಟರ ಪರಿಚಯ ಮಾಡಿಸಿ, ಒತ್ತಾಯ ಮಾಡಿ ಹಡಗಿಗೆ ಹತ್ತಿಸಿದ್ದು ತಾನೇ ಎಂದ.

ನನ್ನ ಸಂಶಯ ಎಷ್ಟು ಅಗ್ಗದ್ದಾಗಿತ್ತೆಂದು ಆಗ ಗೊತ್ತಾಯಿತು. ಅವನಿಗೆ ಮನೆಯ ಪಾಲು ಬೇಕಿರಲಿಲ್ಲ. ತಮ್ಮ ಇರಬಹುದಾದ ಒಂದು ನೆಲ ಬೇಕಿತ್ತು.

ಕೊನೆಗೆ ಅವನು ಒಂದು ಷರತ್ತು ಹಾಕಿದ. ಮೊಬೈಲು ತನ್ನದು, ಫೋಟೋ ತಮ್ಮ ಕಳಿಸಿದ್ದು, ಬಂದ ಸಮಯ ಇಂಥದ್ದು, ಇಷ್ಟಕ್ಕೆ ಸಹಿ ಹಾಕುತ್ತೇನೆ. ಭೂಮಿ ಉರುಟು ಅಂತ ಎಲ್ಲಿಯೂ ಬರೆಯಬೇಡಿ. ನಾನು ಒಪ್ಪಿದೆ. ಪ್ರಮಾಣಪತ್ರಕ್ಕೆ ಭೂಮಿಯ ಆಕಾರ ಬೇಕಾಗಿರಲಿಲ್ಲ. ಸೂರ್ಯನ ವಿಷಯವನ್ನು ಪಂಚಾಂಗದ ಹಾಗೆ ನಾವಿಕರು ಬಳಸುವ ಅಧಿಕೃತ ಕೋಷ್ಟಕದ ಪ್ರತಿಯನ್ನು ಲಗತ್ತಿಸಿ ತೋರಿಸಿದೆ. ಅವನು ಪ್ರತಿ ಸಾಲನ್ನೂ ಎರಡು ಸಲ ಓದಿ ಸಹಿ ಹಾಕಿದ.

ಆ ವಾರವೇ ಪುಷ್ಪಾ ಗಂಡನ ಹಳೆಯ ಮಾತುಕತೆಗಳಲ್ಲಿ ಹುಡುಕಿ, ಅದೇ ಹಡಗಿನಲ್ಲಿದ್ದ ಕುಂದಾಪುರ ಕಡೆಯ ಒಬ್ಬ ನಾವಿಕನ ನಂಬರು ತಂದಳು. ಹಿಂದೆ ಅವಳು ಎರಡು ಸಲ ಫೋನ್ ಮಾಡಿದಾಗ ಅವನು ಏನೂ ಗೊತ್ತಿಲ್ಲ ಎಂದು ಇಟ್ಟಿದ್ದ. ಮುಂದಿನ ಹಡಗು ಸಿಗದಿದ್ದರೆ ಎಂಬ ಹೆದರಿಕೆ. ಈ ಸಲ ನಾನು ಮಾತಾಡಿದೆ. ನಮ್ಮ ಹತ್ತಿರ ಫೋಟೋ ಉಂಟು, ಅದನ್ನು ಸಲ್ಲಿಸುತ್ತಿದ್ದೇವೆ ಎಂದೆ.

"ಆ ಫೋಟೋ ತೆಗೆದದ್ದು ನಾನು," ಎಂದ.

ಅವನು ಹೇಳಿದ್ದು ಇಷ್ಟು. ಡೆಕ್ಕಿನ ಇಬ್ಬರು ಕೆಲಸಗಾರರಿಗೆ ಜ್ವರ. ಮೂರು ದಿನ ಸುಧಾಕರ ಅಡುಗೆ ಮುಗಿಸಿ ಡೆಕ್ಕಿಗೆ ಬಂದು ಸರಕು ಇಳಿಸಿದ್ದ. ಕತ್ತಲಾಗದ ಕಾರಣ ಯಾವಾಗ ಮಲಗಬೇಕೆಂದೇ ಯಾರಿಗೂ ತಿಳಿಯುತ್ತಿರಲಿಲ್ಲ, ಮಲಗಲು ಬಿಡುತ್ತಲೂ ಇರಲಿಲ್ಲ. ಫೋಟೋ ತೆಗೆದ ಮರುದಿನ ಮಧ್ಯಾಹ್ನ ಮೂರು ಗಂಟೆಗೆ, ಸಾಮಾನು ದಾಟಿಸಲೆಂದು ಅಂಚಿನ ಕಾವಲು ಸರಪಳಿ ಬಿಚ್ಚಿದ್ದ ಜಾಗದಲ್ಲಿ, ಕ್ರೇನಿನ ಹೊರೆ ತೂಗಿ ಬಂದು ಅವನಿಗೆ ತಾಗಿತು. ಎಲ್ಲರೂ ನೋಡಿದರು. ದೋಣಿ ಇಳಿಸಿ ನಾಲ್ಕು ಗಂಟೆ ಹುಡುಕಿದರು. ಆ ನೀರಿನಲ್ಲಿ ಮನುಷ್ಯ ಹೆಚ್ಚು ಹೊತ್ತು ಉಳಿಯುವುದಿಲ್ಲ. ಅಡುಗೆಯವನನ್ನು ಡೆಕ್ಕಿನ ಕೆಲಸಕ್ಕೆ ಹಚ್ಚಿದ್ದು ನಿಯಮಕ್ಕೆ ವಿರುದ್ಧ; ಅದಕ್ಕೇ ಸಿಗರೇಟೂ ರಾತ್ರಿಯೂ ಹುಟ್ಟಿಕೊಂಡವು.

ಅವನು ಲಿಖಿತ ಹೇಳಿಕೆ ಕೊಟ್ಟ. ವಿಚಾರಣೆಗೆ ಏಳು ತಿಂಗಳು ಹಿಡಿಯಿತು. ಹಡಗಿನ ದಿನಚರಿ ಬರೆಯುವ ಲಾಗ್ ಪುಸ್ತಕದ ಪ್ರತಿಯಲ್ಲಿ ಆ ರಾತ್ರಿ ಹತ್ತೂವರೆಯ ಎದುರು ಹವೆ ಶುಭ್ರ, ದೂರದ ತನಕ ಸ್ಪಷ್ಟವಾಗಿ ಕಾಣುತ್ತಿದೆ ಎಂದು ಅವರದೇ ಕೈಬರಹ ಇತ್ತು. ಕಂಪೆನಿ ತನ್ನ ಹೇಳಿಕೆ ಹಿಂತೆಗೆದುಕೊಂಡಿತು, ಕರ್ತವ್ಯದಲ್ಲಿ ಆದ ಸಾವು ಎಂದು ದಾಖಲಾಯಿತು. ಪುಷ್ಪಾಗೆ ಸಿಗಬೇಕಾದ ಪರಿಹಾರ ಸಿಕ್ಕಿತು. ನರಿಕೊಂಬಿನ ಮನೆಯಲ್ಲಿ ಉತ್ತರಕ್ರಿಯೆ ನಡೆಯಿತು. ಕರ್ಮಕ್ಕೆ ಕುಳಿತದ್ದು ದಯಾನಂದ.

ಮರಣ ಪ್ರಮಾಣಪತ್ರ ಕೈಗೆ ಬಂದ ದಿನ ಅವನೇ ಆಫೀಸಿಗೆ ಬಂದ. ಮರಣ ಸಂಭವಿಸಿದ ಸ್ಥಳ ಎಂಬ ಕಡೆ ಊರಿನ ಹೆಸರಿರಲಿಲ್ಲ, ಅಕ್ಷಾಂಶ ರೇಖಾಂಶದ ಅಂಕೆಗಳು ಮಾತ್ರ. ಇದು ಎಲ್ಲಿ ಬರ್ತದೆ ತೋರಿಸಿ ಮೇಡಂ ಎಂದ. ನಾನು ಮೊಬೈಲಿನಲ್ಲಿ ನಕ್ಷೆ ತೆರೆದು ಅಂಕೆಗಳನ್ನು ಒತ್ತಿ ಅವನ ಕೈಗೆ ಕೊಟ್ಟೆ. ನಕ್ಷೆಯ ಬಗ್ಗೆ ಅವನು ತಕರಾರು ಎತ್ತಬಹುದೆಂದು ಕಾದೆ. ಎತ್ತಲಿಲ್ಲ. ನೀಲಿಯ ನಡುವಿನ ಆ ಗುರುತನ್ನು ಹಿಗ್ಗಿಸಿದ, ಇನ್ನೂ ಹಿಗ್ಗಿಸಿದ.

"ಇಲ್ಲಿ ಏನೂ ಇಲ್ಲ ಅಲ್ವಾ?" ಎಂದು ಕೇಳಿದ.

ನೀರು ಎಂದೆ. ಅವನು ತಲೆ ಆಡಿಸಿ ಮೊಬೈಲು ಹಿಂದೆ ಕೊಟ್ಟ. ಅವನ ನಂಬಿಕೆ ಅಲ್ಲಿಗೆ ಮುಗಿಯಿತೋ ಇಲ್ಲವೋ ನನಗೆ ಗೊತ್ತಿಲ್ಲ, ನಾನು ಕೇಳಲಿಲ್ಲ.

ಈ ಕೇಸಿನಿಂದ ನಾನು ಕಲಿತದ್ದು ನನ್ನದೇ ತಪ್ಪಿನಿಂದ. ಹೇಳುವವನ ಒಟ್ಟು ಕತೆ ನಂಬಲು ಆಗದ್ದು ಎಂದ ಮಾತ್ರಕ್ಕೆ ಅವನು ಕಣ್ಣಿನಿಂದ ನೋಡಿದ್ದನ್ನೂ ಕಸಕ್ಕೆ ಹಾಕಿದೆ. ಅಚ್ಚುಕಟ್ಟಾದ ತಲೆಬರಹದ ಪತ್ರವನ್ನು ಮಾತ್ರ ಪರೀಕ್ಷೆ ಮಾಡದೆ ನಂಬಿದೆ. ಅದರ ಬೆಲೆಯಾಗಿ ಪುಷ್ಪಾಳ ನಾಲ್ಕು ತಿಂಗಳು ಹೋಯಿತು. ಇನ್ನೊಂದು ತಿಂಗಳು ಕಳೆದಿದ್ದರೆ ನಾನೇ ಅವಳ ಕೈಯಲ್ಲಿ ಸಹಿ ಹಾಕಿಸುತ್ತಿದ್ದೆ. ಈಗ ಕಕ್ಷಿಗಾರರು ಮಾತಾಡುವಾಗ ನಾನು ಪೆನ್ನು ಕೆಳಗಿಡುವುದಿಲ್ಲ. ಅವರು ಏನು ನೋಡಿದರು ಎಂಬುದನ್ನು ಮೊದಲು ಬರೆದುಕೊಳ್ಳುತ್ತೇನೆ. ಅದರಿಂದ ಅವರಿಗೆ ಏನು ಅನಿಸಿತು ಎಂಬುದನ್ನು ಆಮೇಲೆ ಕೇಳುತ್ತೇನೆ, ಮತ್ತು ಯಾಕೆ ಹಾಗೆ ಅನಿಸಬೇಕಾಯಿತು ಎಂಬುದನ್ನು ಅವರು ತಾವಾಗಿ ಹೇಳುವ ತನಕ ಕಾಯುತ್ತೇನೆ.